ಗಿರಣಿಯ ಸೂಟಿ, ಲೀಗಿನ ಸೂಟಿ

ಗೋಕಾಕ ಜಲಪಾತದ ನೆರೆಯಲ್ಲಿ, ಘಟಪ್ರಭೆಯ ಸೀಮೆಯಲ್ಲಿ ನೆಲೆಸಿರುವ ಕೊಣ್ಣೂರವನ್ನು ಕಾಲ್ಚೆಂಡಿನ ಊರೆಂದು ಯಾರೂ ಕರೆಯಲಾರರು. ಕುಸ್ತಿಯ ಕಣವೂ ಕಬಡ್ಡಿಯ ಅಂಗಣವೂ ಈ ಭಾಗದ ತರುಣರಿಗೆ ಪರಂಪರೆಯಿಂದ ಒದಗಿಬಂದ ಕ್ರೀಡಾಭೂಮಿಗಳು. ಆದರೂ ಅಂಗೈಯೊಳಗಿನ ಮೊಬೈಲಿನಲ್ಲಿ ಜಗತ್ತಿನ ಮೈದಾನಗಳೆಲ್ಲ ತೆರೆದುಕೊಂಡಿರುವ ಈ ಕಾಲದಲ್ಲಿ, ಶನಿವಾರದ ಸಂಜೆ ಇಂಗ್ಲೆಂಡಿನ ಪ್ರೀಮಿಯರ್ ಲೀಗನ್ನೂ, ನಮ್ಮದೇ ಬೆಂಗಳೂರು ಎಫ್‌ಸಿಯ ಪಂದ್ಯವನ್ನೂ ಕಾದು ನೋಡುವ ಹುಡುಗರು ಇಲ್ಲಿಯೂ ಇದ್ದಾರೆ. ನಾಲ್ಕು ವಾರ ಎಡೆಬಿಡದೆ ನಡೆದ ಲೀಗು ಐದನೆಯ ವಾರ ಹಠಾತ್ತನೆ ಬರಿದಾಗಿಬಿಟ್ಟಾಗ, 'ಇವತ್ತ ಯಾಕ ಮ್ಯಾಚ್ ಇಲ್ಲ?' ಎಂಬ ಪ್ರಶ್ನೆ ಅವರ ನಡುವೆಯೂ ಏಳುತ್ತದೆ. ರಾಷ್ಟ್ರತಂಡಗಳ ಆಟವಿದೆ, ಆದುದರಿಂದ ಲೀಗಿಗೆ ವಿರಾಮ ಎಂಬ ಸಿದ್ಧ ಉತ್ತರವು ಸುಳ್ಳಲ್ಲ. ಆದರೆ ಅದು ಕಥೆಯ ಕೊನೆಯ ಅಧ್ಯಾಯ ಮಾತ್ರ. ಆಟಕ್ಕೆ ಸೂಟಿ ಏಕೆ ಎಂಬುದನ್ನು ಅರಿಯಬೇಕಾದರೆ, ಆಟವೇ ಒಂದು ಕಾಲಕ್ಕೆ ಸೂಟಿಯ ಸಂತಾನವಾಗಿತ್ತೆಂಬುದನ್ನು ಮೊದಲು ಅರಿಯಬೇಕು. ಅದನ್ನು ಅರಿಯುವುದಕ್ಕೆ ಕೊಣ್ಣೂರದವರು ಬಹುದೂರ ಹೋಗಬೇಕಾಗಿಯೂ ಇಲ್ಲ, ನೆರೆಯ ಗಿರಣಿಯ ಪೂರ್ವೇತಿಹಾಸವನ್ನು ನೆನೆದರೆ ಸಾಕು.

ಘಟಪ್ರಭೆಯು ಸುಮಾರು 170 ಅಡಿ ಎತ್ತರದಿಂದ ಧುಮುಕುವ ಆ ಸ್ಥಳದಲ್ಲಿ ನೀರಿನ ಬಲದಿಂದ ನೂಲು ತೆಗೆಯುವ ಉದ್ದೇಶದಿಂದ 1885ರಲ್ಲಿ ಒಂದು ಕಂಪನಿ ಸ್ಥಾಪಿತವಾಯಿತು. 1887ರಲ್ಲಿ ಗಿರಣಿಯು ತನ್ನ ಕೆಲಸವನ್ನಾರಂಭಿಸಿತು. ಅಂದಿನ ತನಕ ಹೊತ್ತು ಮೂಡುವುದನ್ನೂ ಮುಳುಗುವುದನ್ನೂ ಗಡಿಯಾರವೆಂದು ಬಗೆದಿದ್ದ ಸುತ್ತಲಿನ ಹಳ್ಳಿಗಳ ಜನ, ಅಂದಿನಿಂದ ಗಿರಣಿಯ ಭೋಂಗಾದ ಕೂಗಿಗೆ ಏಳುವುದನ್ನೂ, ಪಾಳಿ ಬದಲಿಸುವುದನ್ನೂ, ಪಗಾರದ ದಿನವನ್ನು ಎದುರು ನೋಡುವುದನ್ನೂ ಕಲಿತರು. ನೇಗಿಲ ಮೇಣಿಯನ್ನು ಹಿಡಿದ ಕೈಗೆ ನೂಲಿನ ಎಳೆಯನ್ನು ಹಿಡಿಯುವುದೇನೂ ಅಸಾಧ್ಯವಾಗಲಿಲ್ಲ. ಹೊಸದಾಗಿ ಒಗ್ಗಬೇಕಾದದ್ದು ಕೆಲಸಕ್ಕಲ್ಲ, ಕೆಲಸವಿಲ್ಲದ ಹೊತ್ತಿನ ಲೆಕ್ಕಕ್ಕೆ.

ಏಕೆಂದರೆ ರೈತನಿಗೆ ಸೂಟಿ ಇರಲಿಲ್ಲವೆಂದು ತಿಳಿಯುವುದು ದೊಡ್ಡ ಪ್ರಮಾದ. ಉತ್ತರ ಕರ್ನಾಟಕದ ಒಕ್ಕಲುತನದಲ್ಲಿ ಸೋಮವಾರವು ಬಸವಣ್ಣನ ವಾರ. ಅಂದು ಎತ್ತಿನ ಹೆಗಲ ಮೇಲೆ ನೊಗವಿಡುವುದು ನಿಷಿದ್ಧ. ಅಮಾವಾಸ್ಯೆಯ ದಿನ ಗಳೆ ಹೂಡುವಂತಿಲ್ಲ. ಕಾರಹುಣ್ಣಿಮೆಗೆ ಎತ್ತು ದುಡಿಯುವುದಿಲ್ಲ, ಸಿಂಗರಿಸಿಕೊಂಡು ಓಡುತ್ತದೆ. ಇಷ್ಟಲ್ಲದೆ, ಮಳೆ ತಡೆದಾಗಲೋ ಗ್ರಾಮದೇವತೆಯ ಜಾತ್ರೆ ಸಮೀಪಿಸಿದಾಗಲೋ ಊರ ಹಿರಿಯರು ಕೂಡಿ 'ವಾರ ಹಿಡಿಯುವ' ಪದ್ಧತಿಯೊಂದುಂಟು: ಗೊತ್ತುಪಡಿಸಿದ ಮಂಗಳವಾರಗಳಂದೋ ಶುಕ್ರವಾರಗಳಂದೋ ಇಡೀ ಊರು ಕೆಲಸವನ್ನು ಬಿಡುತ್ತದೆ, ಆ ದಿನ ಹೊಲಕ್ಕೆ ಹೋದವನು ಒಬ್ಬನೇ ದುಡಿದು ಗಳಿಸಿದವನೆನಿಸುವುದಿಲ್ಲ, ಊರಿನ ಒಪ್ಪಂದವನ್ನು ಮುರಿದವನೆನಿಸುತ್ತಾನೆ. ಈ ಸೂಟಿಗಳೆಲ್ಲ ಯಾರದೋ ಹಕ್ಕಿನಿಂದ ಹುಟ್ಟಿದವು. ಎತ್ತಿನ ಹಕ್ಕು, ಚಂದ್ರನ ಹಕ್ಕು, ದೇವಿಯ ಹಕ್ಕು. ಆದರೆ ಗಿರಣಿಯ ಯಂತ್ರಕ್ಕೆ ಹೆಗಲಿಲ್ಲ, ಅದಕ್ಕೆ ಅಮಾವಾಸ್ಯೆಯೂ ಇಲ್ಲ.

ಗಿರಣಿ ಆರಂಭವಾದಾಗ ಜಾರಿಯಲ್ಲಿದ್ದುದು 1881ರ ಕಾರ್ಖಾನೆ ಕಾಯಿದೆ. ಅದು ತಿಂಗಳಿಗೆ ನಾಲ್ಕು ದಿನಗಳ ಸೂಟಿಯನ್ನು ವಿಧಿಸಿತ್ತು, ಆದರೆ ಮಕ್ಕಳಿಗೆ ಮಾತ್ರ. ಪ್ರಾಯದ ಸ್ತ್ರೀಪುರುಷರ ವಿಷಯದಲ್ಲಿ ಅದು ಮೌನವಾಗಿತ್ತು. ಮುಂಬಯಿಯಲ್ಲಿ ನಾರಾಯಣ ಮೇಘಾಜಿ ಲೋಖಂಡೆಯವರು 1884ರಲ್ಲಿ ಗಿರಣಿ ಕಾರ್ಮಿಕರ ಸಂಘವನ್ನು ಕಟ್ಟಿ, ವಾರಕ್ಕೊಂದು ದಿನದ ವಿಶ್ರಾಂತಿಗಾಗಿ ವರ್ಷಗಟ್ಟಲೆ ಹೋರಾಡಿದುದರ ಫಲವಾಗಿ 1890ರ ಜೂನ್ 10ರಂದು ಮಾಲಿಕರು ಭಾನುವಾರದ ಸೂಟಿಗೆ ಒಪ್ಪಿದರೆಂಬುದು ಭಾರತದ ಕಾರ್ಮಿಕ ಚರಿತ್ರೆಯಲ್ಲಿ ಸುಪ್ರಸಿದ್ಧ. ಭಾನುವಾರವು ಆಳುವವರ ಇಗರ್ಜಿಯ ದಿನವಾಗಿದ್ದುದು ನಿಜವೇ. ಆದರೆ ಅದು ಜೇಜುರಿಯ ಖಂಡೋಬನ ವಾರವೂ ಹೌದೆಂಬ ಮಾತು ಲೋಖಂಡೆಯವರ ವಾದದೊಳಗಿತ್ತೆಂದು ಹೇಳುತ್ತಾರೆ. ಖಂಡೋಬನನ್ನು ಮೈಲಾರಲಿಂಗನೆಂದು ಪೂಜಿಸುವ ನಮ್ಮ ಸೀಮೆಯವರಿಗೆ ಈ ವಾದವನ್ನು ಬಿಡಿಸಿ ಹೇಳಬೇಕಾಗಿಲ್ಲ. ಮರುವರ್ಷ, 1891ರ ತಿದ್ದುಪಡಿಯಿಂದ, ವಾರದ ಸೂಟಿಯು ಎಲ್ಲ ಗಿರಣಿ ಕಾರ್ಮಿಕರಿಗೂ ಕಾಯಿದೆಯ ಮಾತಾಯಿತು. 1887ರಿಂದ 1891ರವರೆಗೆ ಗೋಕಾಕದ ಮೊದಲ ತಲೆಮಾರಿನ ಕಾರ್ಮಿಕರು ಬಸವಣ್ಣನ ಸೋಮವಾರವನ್ನು ಬಿಟ್ಟುಬಂದಿದ್ದರು, ಕಾಯಿದೆಯ ಭಾನುವಾರವಿನ್ನೂ ಅವರ ಕೈಸೇರಿರಲಿಲ್ಲ.

ಇದೇ ವರ್ಷಗಳಲ್ಲಿ, ಭಾರತದ ಬಹುತೇಕ ಗಿರಣಿಗಳಿಗೆ ಯಂತ್ರಗಳನ್ನು ಕಳುಹಿಸುತ್ತಿದ್ದ ಲಂಕಾಶೈರಿನಲ್ಲಿ ಏನು ನಡೆಯುತ್ತಿತ್ತೆಂಬುದನ್ನು ನೋಡಿದರೆ, ನಮ್ಮ ವಿಷಯವು ತಾನಾಗಿಯೇ ಕಾಲ್ಚೆಂಡಿನ ಕಡೆಗೆ ತಿರುಗುತ್ತದೆ. ಅಲ್ಲಿಯ ಕುಶಲಕರ್ಮಿಗಳಿಗೂ ಒಂದು ಸೋಮವಾರವಿತ್ತು! 'ಸಂತ ಸೋಮವಾರ' ಎಂದು ಪರಿಹಾಸ್ಯಕ್ಕೆ ಹೆಸರಿಟ್ಟು, ಯಾವ ಪಂಚಾಂಗದಲ್ಲಿಯೂ ಇಲ್ಲದ ಆ ಸಂತನ ಹಬ್ಬವನ್ನು ಅವರು ವಾರವಾರವೂ ಕೆಲಸ ತಪ್ಪಿಸಿ ಆಚರಿಸುತ್ತಿದ್ದರು. ಉಗಿಯಂತ್ರದ ಮಾಲಿಕನಿಗೆ ಈ ಅನಿಯತ ಸೂಟಿ ಸಹ್ಯವಾಗಲಿಲ್ಲ. ಅದನ್ನು ತೊಡೆದುಹಾಕಿ, ಅದರ ಸ್ಥಾನದಲ್ಲಿ ಎಲ್ಲರಿಗೂ ಒಂದೇ ಹೊತ್ತಿಗೆ ದೊರೆಯುವ ಅರ್ಧದಿನದ ಬಿಡುವು ಬಂದಿತು. 1850ರ ಕಾಯಿದೆಯು ಬಟ್ಟೆಯ ಗಿರಣಿಗಳಲ್ಲಿ ಸ್ತ್ರೀಯರನ್ನೂ ಎಳೆಯರನ್ನೂ ಶನಿವಾರ ಮಧ್ಯಾಹ್ನ 2 ಗಂಟೆಯ ತರುವಾಯ ದುಡಿಸಕೂಡದೆಂದು ವಿಧಿಸಿತು. ಅವರಿಲ್ಲದೆ ಗಿರಣಿ ನಡೆಯದಾದುದರಿಂದ ಗಂಡಸರಿಗೂ ಬಿಡುವಾಯಿತು. ಎರಡಕ್ಕೆ ಗಿರಣಿ ಬಿಟ್ಟು, ಮನೆಗೆ ಹೋಗಿ ಉಂಡು, ಮೈದಾನದ ತನಕ ನಡೆದು ಬರುವ ಹೊತ್ತಿಗೆ ಮೂರು ಗಂಟೆ. ಇಂಗ್ಲೆಂಡಿನಲ್ಲಿ ಇಂದಿಗೂ ಶನಿವಾರ ಮೂರು ಗಂಟೆಯೇ ಕಾಲ್ಚೆಂಡಿನ ಸಾಂಪ್ರದಾಯಿಕ ಮುಹೂರ್ತವಾಗಿರುವುದರ ಹಿಂದೆ ಯಾವ ಕ್ರೀಡಾತತ್ತ್ವವೂ ಇಲ್ಲ. ಗಿರಣಿಯ ಭೋಂಗಾ ಇದೆ.

ಗೋಕಾಕದ ಕಂಪನಿ ಸ್ಥಾಪಿತವಾದ 1885ರಲ್ಲಿಯೇ ಇಂಗ್ಲೆಂಡಿನ ಫುಟ್‌ಬಾಲ್ ಸಂಸ್ಥೆಯು ಆಟಗಾರನು ಪಗಾರ ಪಡೆದು ಆಡಬಹುದೆಂದು ಒಪ್ಪಿಕೊಂಡಿತು. ಪಗಾರ ಕೊಡುವ ಸಂಘಕ್ಕೆ ಪ್ರೇಕ್ಷಕರ ದುಡ್ಡು ನಿಯತವಾಗಿ ಬರಬೇಕು, ನಿಯತವಾಗಿ ಬರಬೇಕಾದರೆ ಪಂದ್ಯಗಳು ಮೊದಲೇ ಗೊತ್ತಾಗಿರಬೇಕು. ಈ ಅಗತ್ಯದಿಂದಲೇ ವಿಲಿಯಂ ಮೆಕ್‌ಗ್ರೆಗರನ ಪ್ರೇರಣೆಯ ಮೇರೆಗೆ 1888ರಲ್ಲಿ ಹನ್ನೆರಡು ಸಂಘಗಳ ಫುಟ್‌ಬಾಲ್ ಲೀಗು ಹುಟ್ಟಿತು. ಆ ಹನ್ನೆರಡರಲ್ಲಿ ಬ್ಲ್ಯಾಕ್‌ಬರ್ನ್, ಬೋಲ್ಟನ್, ಬರ್ನ್ಲಿ, ಪ್ರೆಸ್ಟನ್, ಅಕ್ರಿಂಗ್ಟನ್ ಎಂಬ ಐದು ಊರುಗಳು ಹತ್ತಿಯ ಗಿರಣಿಗಳ ಊರುಗಳು. ಮೊದಲ ಪಂದ್ಯಗಳು ನಡೆದುದು ಸೆಪ್ಟೆಂಬರ್ 8ರಂದು; ಅದು ಶನಿವಾರವೆಂದು ಬೇರೆ ಹೇಳಬೇಕೆ? ಭಾನುವಾರವಂತೂ ಧರ್ಮಕ್ಕೆ ಮೀಸಲು. ಅಂದು ದುಡ್ಡು ಪಡೆದು ಆಟ ತೋರಿಸುವುದನ್ನು 1780ರ ಶಾಸನವೊಂದು ತಡೆದಿತ್ತು. ವಿದ್ಯುತ್ತಿನ ಅಭಾವದಿಂದ ವಾರಕ್ಕೆ ಮೂರೇ ದಿನ ಕೈಗಾರಿಕೆ ನಡೆಯುತ್ತಿದ್ದ 1974ರ ಜನವರಿಯಲ್ಲಿ, ಅಂದರೆ ಲೀಗು ಹುಟ್ಟಿ 85 ವರ್ಷಗಳ ಮೇಲೆ, ಅದರ ಪಂದ್ಯ ಮೊದಲ ಸಲ ಭಾನುವಾರ ನಡೆಯಿತು. ಆಗಲೂ ಶಾಸನದ ಕಣ್ಣು ತಪ್ಪಿಸುವುದಕ್ಕಾಗಿ ಪ್ರವೇಶ ಉಚಿತವೆಂದು ಸಾರಿ, ಕಾರ್ಯಕ್ರಮದ ಪುಸ್ತಿಕೆಗೆ ಬೆಲೆ ಕಟ್ಟಿದರು.

ಹೀಗೆ ಲೀಗೆಂಬುದು ಕಾರ್ಮಿಕನ ಒಂದು ಅಪರಾಹ್ನದೊಳಗೆ ಕಟ್ಟಿದ ಮನೆ. ಆ ಅಪರಾಹ್ನದ ಮೇಲೆ ಬೇರೆ ಹಕ್ಕುದಾರರೂ ಇದ್ದರು. ಮೊದಲನೆಯವಳು ಅಕ್ಕನೇ. ಎಫ್‌ಎ ಕಪ್ಪು 1871-72ರಲ್ಲಿ ಆರಂಭವಾದುದರಿಂದ ಲೀಗಿಗಿಂತ ಸುಮಾರು ಹದಿನೇಳು ವರ್ಷ ಹಿರಿದು; ಜನವರಿಯ ಮೊದಲ ವಾರಗಳಲ್ಲಿ ದೊಡ್ಡ ಸಂಘಗಳು ಆ ಕಪ್ಪಿನ ಮೂರನೆಯ ಸುತ್ತಿಗೆ ಇಳಿಯುವ ವಾರಾಂತ್ಯದಲ್ಲಿ ಪ್ರೀಮಿಯರ್ ಲೀಗು ಇಂದಿಗೂ ಸುಮ್ಮನಿರುತ್ತದೆ. ಎರಡನೆಯ ಹಕ್ಕುದಾರ ರಾಷ್ಟ್ರ. 1872ರ ನವೆಂಬರ್ 30ರಂದು, ಅದೂ ಶನಿವಾರವೇ, ಗ್ಲಾಸ್ಗೋದಲ್ಲಿ ಸ್ಕಾಟ್ಲೆಂಡಿಗೂ ಇಂಗ್ಲೆಂಡಿಗೂ ಮೊದಲ ಅಂತರರಾಷ್ಟ್ರೀಯ ಪಂದ್ಯ ನಡೆದು ಗೋಲಿಲ್ಲದೆ ಸಮವಾಯಿತು. ಲೀಗು ಹುಟ್ಟಿದ ತರುವಾಯವೂ ಇಂಥ ಪಂದ್ಯಗಳು ಬಹುಕಾಲ ಶನಿವಾರವೇ ನಡೆಯುತ್ತಿದ್ದು, ಅದೇ ಹೊತ್ತಿಗೆ ಬೇರೊಂದೆಡೆ ಲೀಗಿನ ಆಟವೂ ಸಾಗುತ್ತಿತ್ತು. ರಾಷ್ಟ್ರದ ಕರೆ ಬಂದವನು ಹೋಗುತ್ತಿದ್ದ, ಅವನ ಸಂಘವು ಕೈ ಮುರಿದವನಂತೆ ಆಡಬೇಕಾಗುತ್ತಿತ್ತು. ಒಳ್ಳೆಯ ಆಟಗಾರರನ್ನು ಬೆಳೆಸಿದ ಸಂಘಕ್ಕೇ ಹೆಚ್ಚಿನ ದಂಡವೆಂಬ ಈ ವಿಪರೀತಕ್ಕೆ ಪರಿಹಾರವಾಗಿ, ಆಟಗಾರ ಹೋಗುವ ದಿನ ಲೀಗೂ ನಿಲ್ಲಲಿ ಎಂಬ ಪದ್ಧತಿ ಮೆಲ್ಲಮೆಲ್ಲನೆ ಬೆಳೆಯಿತು.

ಇಂದು ಅದು ಫಿಫಾದ ಅಂತರರಾಷ್ಟ್ರೀಯ ಪಂಚಾಂಗವೆಂಬ ಶಾಸನದ ರೂಪವನ್ನು ತಾಳಿದೆ. ಮಾರ್ಚ್, ಜೂನ್, ಸೆಪ್ಟೆಂಬರ್, ಅಕ್ಟೋಬರ್, ನವೆಂಬರ್ ತಿಂಗಳುಗಳಲ್ಲಿ ರಾಷ್ಟ್ರತಂಡಗಳಿಗೆಂದು ಗೊತ್ತುಮಾಡಿದ ಅವಧಿಗಳು ಬಂದಾಗ, ಕರೆಬಂದ ಆಟಗಾರನನ್ನು ಬಿಟ್ಟುಕೊಡುವುದು ಸಂಘದ ಕರ್ತವ್ಯ. ಆ ಅವಧಿಯ ಹೊರಗೆ ಬಿಟ್ಟುಕೊಡುವುದು ಅದರ ಸೌಜನ್ಯ ಮಾತ್ರ. ಲೀಗು ನಿಲ್ಲಲೇಬೇಕೆಂದು ಈ ನಿಯಮವು ಹೇಳುವುದಿಲ್ಲ. ನಿಲ್ಲಿಸದೆ ಗತ್ಯಂತರವಿಲ್ಲದಂತೆ ಮಾಡುತ್ತದೆ. ಒಂದೊಂದು ಸಂಘದಿಂದಲೂ ಹತ್ತಾರು ಆಟಗಾರರು ಹತ್ತಾರು ದೇಶಗಳಿಗೆ ಹೊರಟುಹೋಗುವ ಈಗಿನ ಕಾಲದಲ್ಲಿ ಉಳಿದವರನ್ನು ಕಟ್ಟಿಕೊಂಡು ಆಡಿಸಿದರೆ ದುಡ್ಡು ಕೊಟ್ಟು ನೋಡುವವರು ಯಾರು?

ಮೂರನೆಯ ಹಕ್ಕುದಾರ ನಿಸರ್ಗ. ಜರ್ಮನಿಯ ಬುಂಡೆಸ್‌ಲೀಗಾ ಹಿಮಗಾಲದ ನಡುವೆ ಕೆಲವು ವಾರ ಬಾಗಿಲು ಮುಚ್ಚುವುದನ್ನು ಸಹಜವೆಂದು ಭಾವಿಸಿದೆ. ಇಂಗ್ಲೆಂಡು ಮಾತ್ರ ಹಿಮವನ್ನು ಲೆಕ್ಕಿಸುವುದು ಪೌರುಷಕ್ಕೆ ಕುಂದೆಂಬಂತೆ ಆಡುತ್ತ ಬಂದಿತು. 1962-63ರ ಚಳಿಗಾಲದಲ್ಲಿ ನಿಸರ್ಗವೇ ಬಲಾತ್ಕಾರದಿಂದ ಸೂಟಿ ಪಡೆಯಿತು. ಮೈದಾನಗಳು ಕಲ್ಲಾದವು, ಜನವರಿ 5ರಂದು ತೊಡಗಿದ ಎಫ್‌ಎ ಕಪ್ಪಿನ ಮೂರನೆಯ ಸುತ್ತು ಮುಗಿದುದು ಮಾರ್ಚ್ 11ರಂದು. ಆಟವಿಲ್ಲದೆ ಆಟಗಾರನು ಸುಮ್ಮನಿರಬಲ್ಲನು, ಆದರೆ ಆಟದ ಫಲಿತಾಂಶಗಳ ಮೇಲೆ ಪಣವೊಡ್ಡಿಸುತ್ತಿದ್ದ ಪೂಲ್ಸ್ ಕಂಪನಿಗಳು ಸುಮ್ಮನಿರಲಾರದಾದವು. ಅವು ಮಾಡಿದ ಉಪಾಯ ವಿಚಿತ್ರವಾದುದು. ಟಾಮ್ ಫಿನ್ನಿ, ಟಾಮಿ ಲಾಟನ್ ಮೊದಲಾದ ಹಳೆಯ ಆಟಗಾರರನ್ನೂ ಒಬ್ಬ ನಿವೃತ್ತ ತೀರ್ಪುಗಾರನನ್ನೂ ಲಂಡನ್ನಿನ ಒಂದು ಕೋಣೆಯೊಳಗೆ ಕೂಡಿಸಿ, ಬಾಗಿಲಿಕ್ಕಿಕೊಂಡು, ನಡೆಯದ ಪಂದ್ಯಗಳಲ್ಲಿ ಯಾರು ಗೆಲ್ಲುತ್ತಿದ್ದರೆಂಬುದನ್ನು ಅವರಿಂದ ನಿರ್ಣಯಿಸಿ ಲೋಕಕ್ಕೆ ಪ್ರಕಟಿಸಿದವು. ಜನರು ಆ ಕಾಲ್ಪನಿಕ ಗೆಲುವುಗಳ ಮೇಲೆ ನಿಜವಾದ ಹಣವನ್ನು ಪಡೆದರು. ಸೂಟಿಯನ್ನು ಸೂಟಿಯಾಗಿ ಇರಗೊಡದ ವ್ಯಾಪಾರಬುದ್ಧಿಗೆ ಇದಕ್ಕಿಂತ ಅಚ್ಚುಕಟ್ಟಾದ ನಿದರ್ಶನವನ್ನು ನಾನು ಕಂಡಿಲ್ಲ. 2020ರ ಫೆಬ್ರವರಿಯಲ್ಲಿ ಇಂಗ್ಲೆಂಡು ಕೊನೆಗೂ ಚಳಿಗಾಲದ ವಿರಾಮವೊಂದನ್ನು ತಂದಿತು. 2024-25ರಲ್ಲಿ ಅದನ್ನು ಕೈಬಿಟ್ಟಿತು.

ಮರಣಕ್ಕೂ ಒಂದು ಹಕ್ಕಿದೆ. 2022ರ ಸೆಪ್ಟೆಂಬರ್ 8ರಂದು ರಾಣಿ ಎಲಿಜಬೆತ್ ತೀರಿಕೊಂಡಾಗ ಮರುವಾರಾಂತ್ಯದ ಪಂದ್ಯಗಳೆಲ್ಲ ಮುಂದೆ ಹೋದವು. ಅದೇ ವಾರಾಂತ್ಯ ಕ್ರಿಕೆಟ್ ನಡೆಯಿತೆಂದೂ, ಮಕ್ಕಳ ಕಾಲ್ಚೆಂಡನ್ನು ಕೂಡ ನಿಲ್ಲಿಸಿದುದು ಅತಿಯಾಯಿತೆಂದೂ ಅಲ್ಲಿ ಚರ್ಚೆಯಾಯಿತು.

ಇನ್ನು ನಮ್ಮ ನಾಡಿಗೆ ಬರೋಣ. ಭಾರತದ ಕಾಲ್ಚೆಂಡು ವಾರಾಂತ್ಯದ ಕೂಸಲ್ಲ. ಇಂಗ್ಲೆಂಡಿನ ಲೀಗು ಹುಟ್ಟಿದ 1888ರಲ್ಲಿಯೇ ಸಿಮ್ಲಾದಲ್ಲಿ ಡ್ಯುರಾಂಡ್ ಕಪ್ಪು ಆರಂಭವಾದರೂ ಅದು ದಂಡಿನವರ ಆಟವಾಗಿತ್ತು. 1898ರಲ್ಲಿ ತೊಡಗಿದ ಕಲಕತ್ತೆಯ ಲೀಗು ಮಳೆಗಾಲದ ಸಂಜೆಗಳಲ್ಲಿ, ಕಚೇರಿ ಬಿಟ್ಟ ಗುಮಾಸ್ತರ ಮುಂದೆ, ವಾರದ ಯಾವ ದಿನವಾದರೂ ನಡೆಯುತ್ತಿತ್ತು. ಕನ್ನಡನಾಡಿನಲ್ಲಿ ಆಟದ ಬೇರು ಬೆಂಗಳೂರಿನ ದಂಡಿನ ಪ್ರದೇಶದಲ್ಲಿ. 1937ರಲ್ಲಿ ಬೆಂಗಳೂರು ಮುಸ್ಲಿಮ್ಸ್ ತಂಡವು ಮುಂಬಯಿಯ ರೋವರ್ಸ್ ಕಪ್ಪನ್ನು ಗೆದ್ದು, ಅದುವರೆಗೆ ಗೋರಾ ಪಲ್ಟನ್‌ಗಳ ಸ್ವತ್ತಾಗಿದ್ದ ಆ ಪ್ರಶಸ್ತಿಯನ್ನು ಎತ್ತಿದ ಮೊದಲ ಭಾರತೀಯ ತಂಡವೆನಿಸಿತು. ಮೈಸೂರು 1946-47ರಲ್ಲಿ ಸಂತೋಷ್ ಟ್ರೋಫಿಯನ್ನು ಗೆದ್ದಿತು. 1948ರ ಲಂಡನ್ ಒಲಿಂಪಿಕ್ಸಿನಲ್ಲಿ ಫ್ರಾನ್ಸಿನ ವಿರುದ್ಧ ಭಾರತದ ಏಕೈಕ ಗೋಲನ್ನು ಹೊಡೆದವನು ಬೆಂಗಳೂರಿನ ಎಸ್. ರಾಮನ್. ಅದೇ 1948ರಲ್ಲಿ ಸ್ವತಂತ್ರ ಭಾರತವು ಹೊಸ ಕಾರ್ಖಾನೆ ಕಾಯಿದೆಯನ್ನು ರಚಿಸಿ, ವಾರಕ್ಕೆ 48 ಗಂಟೆಗಳ ಮಿತಿಯನ್ನು ಹಾಕಿತು. ಅದೇ ವರ್ಷ ಬೆಂಗಳೂರಿನಲ್ಲಿ ಐಟಿಐ ಸ್ಥಾಪನೆಯಾಯಿತು. ಐಟಿಐ, ಎಚ್‌ಎಎಲ್ ಮೊದಲಾದ ಕಾರ್ಖಾನೆಗಳ ತಂಡಗಳೇ ಮುಂದೆ ದಶಕಗಳ ಕಾಲ ಬೆಂಗಳೂರಿನ ಕಾಲ್ಚೆಂಡನ್ನು ಹೊತ್ತು ನಡೆಸಿದವು. ಅಲ್ಲಿ ಆಟಗಾರನೆಂದರೆ ನೌಕರ. ರಾಜ್ಯಕ್ಕೋ ರಾಷ್ಟ್ರಕ್ಕೋ ಆಡಹೋಗುವುದೆಂದರೆ ಕಾರ್ಖಾನೆಯಿಂದ ರಜೆ ಪಡೆದು ಹೋಗುವುದು.

ಆ 1948ರ ಕಾಯಿದೆಯ 52ನೆಯ ಕಲಮನ್ನು ಇಲ್ಲಿ ಸ್ವಲ್ಪ ನಿಂತು ನೋಡಬೇಕು. ಅದರಂತೆ ವಾರದ ಮೊದಲ ದಿನ ಕಾರ್ಮಿಕನಿಗೆ ಸೂಟಿಯಿತ್ತು. ಅಂದು ಕೆಲಸ ತೆಗೆದುಕೊಳ್ಳಲೇಬೇಕಾದರೆ ಅದರ ಹಿಂದಿನ ಮೂರು ದಿನಗಳಲ್ಲೋ ಮುಂದಿನ ಮೂರು ದಿನಗಳಲ್ಲೋ ಒಂದು ಪೂರ್ಣ ದಿನವನ್ನು ಬದಲಿಗೆ ಕೊಡಬೇಕಾಗಿತ್ತು. ಏನೇ ಆದರೂ ಒಂದು ಇಡೀ ದಿನದ ಸೂಟಿಯಿಲ್ಲದೆ ಹತ್ತು ದಿನಗಳಿಗಿಂತ ಹೆಚ್ಚು ಸತತವಾಗಿ ದುಡಿಸುವಂತಿರಲಿಲ್ಲ. ಕಾಲ್ಚೆಂಡಿನ ಲೀಗುಗಳಲ್ಲಿ ಇದಕ್ಕೆ ತಿರುಗುಮುರುಗಾದ ನ್ಯಾಯವಿದೆ. ಅಲ್ಲಿ ಬದಲಿಗೆ ಕೊಡುವುದು ಸೂಟಿಯನ್ನಲ್ಲ, ಆಟವನ್ನು. ಶನಿವಾರ ನಿಂತ ಪಂದ್ಯ ಮುಂದಿನ ಮಂಗಳವಾರವೋ ಬುಧವಾರವೋ ಸಾಲವಸೂಲಿಯವನಂತೆ ಬಂದು ನಿಲ್ಲುತ್ತದೆ. ನೋಡುವವನಿಗೆ ಬರಿದಾಗಿ ಕಂಡ ವಾರಾಂತ್ಯದಲ್ಲಿ ರಾಷ್ಟ್ರತಂಡದ ಆಟಗಾರನು ವಿಮಾನವೇರಿ ಎರಡು ಪಂದ್ಯಗಳನ್ನಾಡಿ ಬಂದಿರುತ್ತಾನೆ. ಕರೆ ಬಾರದವನಿಗೆ ಮಾತ್ರ ಅದು ನಿಜವಾದ ಬಿಡುವು. ಲೀಗಿನ ಸೂಟಿಯನ್ನು ಆಟಗಾರನ ಸೂಟಿಯೆಂದು ಎಣಿಸುವುದು ಆದುದರಿಂದ ಅಷ್ಟೇನೂ ಸರಿಯಲ್ಲ.

ಬರಿದಾದ ವಾರಾಂತ್ಯವಿದ್ದರೆ ಏನಾಗುತ್ತದೆ, ಇಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ ಬೆಂಗಳೂರು ಎಫ್‌ಸಿಯ ಚರಿತ್ರೆಯಲ್ಲಿಯೇ ಎರಡು ಉದಾಹರಣೆಗಳಿವೆ. 2013ರಲ್ಲಿ ಸ್ಥಾಪಿತವಾದ ಈ ಸಂಘವು 2017ರಲ್ಲಿ ಇಂಡಿಯನ್ ಸೂಪರ್ ಲೀಗನ್ನು ಸೇರಿತು. 2018-19ರ ಋತುವಿನಲ್ಲಿ ಏಷ್ಯನ್ ಕಪ್ಪಿಗಾಗಿ ಲೀಗು ಡಿಸೆಂಬರ್ ಮಧ್ಯದಿಂದ ಜನವರಿಯ ಕೊನೆಯ ವಾರದವರೆಗೆ ನಿಂತಿತು. ಬೆಂಗಳೂರಿನ ನಾಯಕ ಸುನಿಲ್ ಛೇತ್ರಿ ಆ ಅವಧಿಯಲ್ಲಿ ಅಬುಧಾಬಿಯಲ್ಲಿ ಥಾಯ್ಲೆಂಡಿನ ವಿರುದ್ಧ ಎರಡು ಗೋಲು ಹೊಡೆದು, ಭಾರತವನ್ನು 4-1ರಿಂದ ಗೆಲ್ಲಿಸಿ, ಹಿಂದಿರುಗಿ ಬಂದು, ಮಾರ್ಚ್ 17ರಂದು ಮುಂಬಯಿಯಲ್ಲಿ ತನ್ನ ಸಂಘದೊಡನೆ ಲೀಗಿನ ಕಪ್ಪನ್ನೂ ಎತ್ತಿದನು. ಯಾರಿಗೂ ನಷ್ಟವಾಗಲಿಲ್ಲ.

2023ರ ಸೆಪ್ಟೆಂಬರಿನಲ್ಲಿ ಹೀಗಾಗಲಿಲ್ಲ. ಹಾಂಗ್‌ಝೌದ ಏಷ್ಯನ್ ಕ್ರೀಡೆಗಳ ಕಾಲ್ಚೆಂಡು ಫಿಫಾ ಪಂಚಾಂಗದೊಳಗೆ ಬರತಕ್ಕದ್ದಲ್ಲ; ಆದುದರಿಂದ ಸಂಘಗಳಿಗೆ ಆಟಗಾರರನ್ನು ಬಿಟ್ಟುಕೊಡುವ ಕಟ್ಟುಪಾಡಿರಲಿಲ್ಲ, ಲೀಗೂ ತನ್ನ ಆರಂಭವನ್ನು ಮುಂದೂಡಲಿಲ್ಲ. ಹಗ್ಗಜಗ್ಗಾಟದ ತರುವಾಯ ಅಳಿದುಳಿದವರನ್ನು ಕೂಡಿಸಿದ ತಂಡವು ಚೀನದ ನೆಲವನ್ನು ಮುಟ್ಟಿ ಒಂದು ದಿನ ಕಳೆಯುವುದರೊಳಗೆ, ಸೆಪ್ಟೆಂಬರ್ 19ರಂದು, ಚೀನದೊಡನೆ ಸೆಣಸಿ 5-1ರಿಂದ ಸೋತಿತು. ಸೆಪ್ಟೆಂಬರ್ 21ರಂದು ಬಾಂಗ್ಲಾದೇಶದ ವಿರುದ್ಧ ಆಟ ಇನ್ನೇನು ಮುಗಿಯುತ್ತದೆನ್ನುವಾಗ, 85ನೆಯ ನಿಮಿಷದಲ್ಲಿ ಛೇತ್ರಿ ಪೆನಾಲ್ಟಿಯನ್ನು ಗೋಲಾಗಿಸಿ ಭಾರತವನ್ನುಳಿಸಿದನು. ಅದೇ ಸೆಪ್ಟೆಂಬರ್ 21ರ ರಾತ್ರಿ, ಮಳೆಯಲ್ಲಿ ತೊಯ್ದ ಕೊಚ್ಚಿಯ ಮೈದಾನದಲ್ಲಿ, ಲೀಗಿನ ಉದ್ಘಾಟನಾ ಪಂದ್ಯವನ್ನು ಅವನ ಬೆಂಗಳೂರು ತಂಡವು ನಾಯಕನಿಲ್ಲದೆ ಆಡಿ, ಕೇರಳ ಬ್ಲಾಸ್ಟರ್ಸ್‌ಗೆ 2-1ರಿಂದ ಸೋತಿತು. ಒಂದೇ ದಿನಾಂಕದ ಮೇಲೆ ಇಬ್ಬರು ಹಕ್ಕುದಾರರು ಕೈಯಿಟ್ಟಾಗ ಇಬ್ಬರಿಗೂ ಪೂರ್ಣ ಆಟಗಾರ ದಕ್ಕಲಿಲ್ಲ. ಆ ವಾರವನ್ನು ಬರಿದಾಗಿ ಬಿಡುವುದಕ್ಕೆ ಯಾರಿಗೂ ದೊಡ್ಡ ವೆಚ್ಚವಾಗುತ್ತಿರಲಿಲ್ಲವೆಂದೇ ನನ್ನ ಮತ.

ಸೂಟಿಯ ಮಾತು ಬೇರೆ, ಬೀಗದ ಮಾತು ಬೇರೆ. ಗಿರಣಿಯ ಊರಿನವರಿಗೆ ಈ ಭೇದ ಚೆನ್ನಾಗಿ ಗೊತ್ತು. 2025ರ ಜುಲೈಯಲ್ಲಿ ಲೀಗನ್ನು ನಡೆಸುವ ಸಂಸ್ಥೆಯು, ಭಾರತದ ಫುಟ್‌ಬಾಲ್ ಒಕ್ಕೂಟದೊಡನೆ ತನಗಿದ್ದ ಕರಾರು ಆ ಡಿಸೆಂಬರಿನಲ್ಲಿ ಮುಗಿಯಲಿರುವುದನ್ನು ಕಾರಣವಾಗಿ ಕೊಟ್ಟು, ಇಡೀ ಋತುವನ್ನೇ ತಡೆಹಿಡಿಯಿತು. ಆಗಸ್ಟಿನಲ್ಲಿ ಬೆಂಗಳೂರು ಎಫ್‌ಸಿ ತನ್ನ ಆಟಗಾರರ ಮತ್ತು ಸಿಬ್ಬಂದಿಯ ಪಗಾರವನ್ನು ನಿಲ್ಲಿಸಿತು. ವಾರಾಂತ್ಯಗಳು ಬರಿದಾಗಿದ್ದುವು, ಆದರೆ ಅವುಗಳನ್ನು ಯಾರೂ ಕೇಳಿ ಪಡೆದಿರಲಿಲ್ಲ. ಊರು ಕೂಡಿ ಹಿಡಿದ ವಾರಕ್ಕೂ ಬರಗಾಲದಲ್ಲಿ ಕೆಲಸವಿಲ್ಲದೆ ಕುಳಿತ ವಾರಕ್ಕೂ ಇರುವ ಅಂತರ ಇದರಲ್ಲಿತ್ತು.

ಕೊಣ್ಣೂರದ ಹುಡುಗರು ಮುಂದಿನ ಬರಿದಾದ ಶನಿವಾರಗಳನ್ನು ಈಗಲೇ ಗುರುತು ಹಾಕಿಟ್ಟುಕೊಳ್ಳಬಹುದು: ಸೆಪ್ಟೆಂಬರಿಗೊಂದು, ಅಕ್ಟೋಬರಿಗೊಂದು ಎಂದಿದ್ದ ಎರಡು ಅವಧಿಗಳನ್ನು ಫಿಫಾ 2026ರಿಂದ ಒಂದುಗೂಡಿಸಿದ್ದು, ಆ ವರ್ಷ ಸೆಪ್ಟೆಂಬರ್ 21ರಿಂದ ಅಕ್ಟೋಬರ್ 6ರವರೆಗಿನ ಹದಿನಾರು ದಿನಗಳು ರಾಷ್ಟ್ರತಂಡಗಳಿಗೆ ಮೀಸಲಾಗಿವೆ, ಅದರೊಳಗೆ ಎರಡು ವಾರಾಂತ್ಯಗಳು ಬರುತ್ತವೆ.